ಹೊಸ್ತಿಲೊಳಗಿನ ಸಂಗೀತ

ಕಲೆಗೆ ಎದುರಾಗುವ ಅಡ್ಡಿಗಳು ಹಲವು. ಬಡತನ ಒಂದು ಅಡ್ಡಿ. ವಿದ್ಯೆಯ ಅಭಾವ ಇನ್ನೊಂದು. ಸುತ್ತಲಿನವರ ಅನಾದರ ಮತ್ತೊಂದು. ಈ ಅಡ್ಡಿಗಳನ್ನು ದಾಟಿ ಮೇಲೆ ಬಂದ ಕಲಾವಿದರ ಕಥೆಗಳು ಎಲ್ಲ ನಾಡುಗಳಲ್ಲಿಯೂ ಉಂಟು. ಆದರೆ ಹಣಕ್ಕೆ ಕೊರತೆಯಿಲ್ಲದ, ವಿದ್ಯೆಗೆ ಕೊರತೆಯಿಲ್ಲದ, ಪ್ರೀತಿಗಂತೂ ಎಳ್ಳಷ್ಟೂ ಕೊರತೆಯಿಲ್ಲದ ಮನೆಯೇ ಕಲಾವಿದೆಗೆ ಬೇಲಿಯಾದರೆ? ಹಗೆಯ ಬೇಲಿಯನ್ನು ಮುರಿಯಬಹುದು. ಪ್ರೀತಿಯ ಬೇಲಿಯನ್ನು ಮುರಿಯುವುದು ಹೇಗೆ? ಜರ್ಮನಿಯ ಸಂಗೀತಗಾರ್ತಿ ಫ್ಯಾನಿ ಮೆಂಡೆಲ್‌ಸನ್ ತನ್ನ ಬಾಳಿನ ಬಹುಭಾಗ ಎದುರಿಸಿದ ಪ್ರಶ್ನೆ ಇದು.

ಫ್ಯಾನಿ ಹುಟ್ಟಿದ್ದು 1805ನೆಯ ಇಸವಿ ನವೆಂಬರ್ 14ರಂದು, ಹ್ಯಾಂಬರ್ಗ್ ನಗರದಲ್ಲಿ. ಆಕೆಯ ತಾತ ಮೋಸೆಸ್ ಮೆಂಡೆಲ್‌ಸನ್ ಯೂರೋಪಿನಲ್ಲೆಲ್ಲ ಹೆಸರಾದ ತತ್ತ್ವಜ್ಞಾನಿ. ತಂದೆ ಅಬ್ರಹಾಂ ಬ್ಯಾಂಕಿನ ಒಡೆಯ. ತಾಯಿ ಲೆಯಾ ಸಾಹಿತ್ಯವನ್ನೂ ಸಂಗೀತವನ್ನೂ ಬಲ್ಲ ವಿದ್ಯಾವಂತೆ. ಹಸುಗೂಸಿನ ಕೈಗಳನ್ನು ನೋಡಿದ ತಾಯಿ, ಇವು ಬಾಖ್‌ನ ಸಂಗೀತವನ್ನು ನುಡಿಸಲು ತಕ್ಕ ಬೆರಳುಗಳು ಎಂದಳಂತೆ. ಬಾಖ್ ಎಂದರೆ ಪಾಶ್ಚಾತ್ಯ ಸಂಗೀತದ ಪಿತಾಮಹರಲ್ಲಿ ಒಬ್ಬ. ತಾಯಿಯ ಮಾತು ಹುಸಿಯಾಗಲಿಲ್ಲ. ಫ್ಯಾನಿ ಹುಟ್ಟಿದ ಮೂರು ವರ್ಷಗಳ ಬಳಿಕ, 1809ರ ಫೆಬ್ರವರಿಯಲ್ಲಿ, ತಮ್ಮ ಫೆಲಿಕ್ಸ್ ಹುಟ್ಟಿದ. ಅನಂತರ ರೆಬೆಕ ಎಂಬ ತಂಗಿ, ಪೌಲ್ ಎಂಬ ತಮ್ಮ. 1811ರಲ್ಲಿ ಕುಟುಂಬ ಬರ್ಲಿನ್ನಿಗೆ ಬಂದು ನೆಲೆಸಿತು.

ಮೆಂಡೆಲ್‌ಸನ್ನರ ಮನೆಯಲ್ಲಿ ಸೋಮಾರಿತನಕ್ಕೆ ಎಡೆಯಿರಲಿಲ್ಲ. ಭಾನುವಾರವೊಂದನ್ನುಳಿದು ಮಿಕ್ಕ ದಿನಗಳಲ್ಲಿ ಮಕ್ಕಳು ಬೆಳಗಿನ 5 ಗಂಟೆಗೇ ಏಳಬೇಕು. ಭಾಷೆ, ಗಣಿತ, ಚಿತ್ರಕಲೆ, ಸಂಗೀತ ಎಲ್ಲದಕ್ಕೂ ನುರಿತ ಉಪಾಧ್ಯಾಯರು ಮನೆಗೇ ಬರುತ್ತಿದ್ದರು. ಫ್ಯಾನಿಗೆ ಪಿಯಾನೊ ವಾದ್ಯದ ಮೊದಲ ಪಾಠವನ್ನು ಹೇಳಿಕೊಟ್ಟವಳು ತಾಯಿಯೇ. ಮುಂದೆ ಪ್ರಸಿದ್ಧ ಸಂಗೀತಗಾರರಾದ ಬೆರ್ಗರ್ ಮತ್ತು ಸೆಲ್ಟರ್ ಅಕ್ಕ ತಮ್ಮಂದಿರಿಬ್ಬರಿಗೂ ಗುರುಗಳಾದರು. ಪಾಠದಲ್ಲಿ ಗಂಡು ಹೆಣ್ಣೆಂಬ ಭೇದವಿರಲಿಲ್ಲ. ಒಂದೇ ಗುರು, ಒಂದೇ ಪಾಠ, ಒಂದೇ ಶ್ರಮ. ಅಷ್ಟೇಕೆ, ವಯಸ್ಸಿನಲ್ಲಿ ಹಿರಿಯಳಾದ ಫ್ಯಾನಿಯೇ ಮೊದಮೊದಲು ಒಂದು ಹೆಜ್ಜೆ ಮುಂದಿದ್ದಳು.

ಬೆಳೆಯುವ ಸಿರಿಯನ್ನು ಮೊಳಕೆಯಲ್ಲಿ ನೋಡು ಎಂಬ ಗಾದೆಗೆ ಫ್ಯಾನಿ ಒಳ್ಳೆಯ ನಿದರ್ಶನ. 13ನೆಯ ವಯಸ್ಸಿನಲ್ಲಿ ಆಕೆ ಒಂದು ಸಾಹಸಕ್ಕೆ ಕೈಹಾಕಿದಳು. ಬಾಖ್ ರಚಿಸಿದ 24 ಕಠಿಣವಾದ ಪಿಯಾನೊ ಕೃತಿಗಳನ್ನು ತಂದೆಗೆ ತಿಳಿಯದಂತೆ ಒಂದೊಂದಾಗಿ ಕಲಿತು, ಒಂದು ದಿನ ಸ್ವರಲಿಪಿಯ ಹಾಳೆಯನ್ನೇ ಮುಂದಿಟ್ಟುಕೊಳ್ಳದೆ ಆತನೆದುರಿಗೆ ನುಡಿಸಿದಳು. ತಂದೆಯನ್ನು ಬೆರಗುಗೊಳಿಸಬೇಕು, ಆತನ ಮೆಚ್ಚುಗೆಯನ್ನು ಪಡೆಯಬೇಕು ಎಂಬುದೊಂದೇ ಆಕೆಯ ಹಂಬಲ. ಮರುವರ್ಷ, 1819ರ ಡಿಸೆಂಬರ್ 11ರಂದು, ತಂದೆಯ ಹುಟ್ಟುಹಬ್ಬಕ್ಕಾಗಿ ತಾನೇ ಒಂದು ಹಾಡಿಗೆ ರಾಗ ಸಂಯೋಜಿಸಿ ಕಾಣಿಕೆಯಾಗಿ ಕೊಟ್ಟಳು. 14 ವರ್ಷದ ಬಾಲೆಯ ಕಲಾಜೀವನ ಹೀಗೆ ತಂದೆಗೆ ಒಪ್ಪಿಸಿದ ಕಾಣಿಕೆಯಿಂದ ಆರಂಭವಾಯಿತು.

ಅದಾಗಿ ಏಳು ತಿಂಗಳು ಕಳೆದಿತ್ತು. ಅಬ್ರಹಾಂ ಆಗ ಪ್ಯಾರಿಸ್ಸಿನಲ್ಲಿದ್ದ. 1820ರ ಜುಲೈ ತಿಂಗಳಲ್ಲಿ ಆತ ಮಗಳಿಗೆ ಒಂದು ಕಾಗದ ಬರೆದ. ಸಂಗೀತವು ಫೆಲಿಕ್ಸನಿಗೆ ಬಹುಶಃ ಜೀವನದ ವೃತ್ತಿಯೇ ಆದೀತು. ಆದರೆ ನಿನ್ನ ಪಾಲಿಗೆ ಅದು ಎಂದೆಂದಿಗೂ ಒಂದು ಆಭರಣವಾಗಿರಬೇಕೇ ಹೊರತು ಬಾಳಿನ ಮೂಲವಾಗಕೂಡದು ಎಂಬುದು ಆ ಕಾಗದದ ತಾತ್ಪರ್ಯ. ಬಿರುನುಡಿ ಒಂದೂ ಅದರಲ್ಲಿರಲಿಲ್ಲ. ಮಗಳ ಪ್ರತಿಭೆಯನ್ನು ತಂದೆ ಅಲ್ಲಗಳೆದಿರಲಿಲ್ಲ. ತಮ್ಮನಿಗೆ ದೊರೆತ ಹೊಗಳಿಕೆಯನ್ನು ಕಂಡು ಅಸೂಯೆಪಡದ ಆಕೆಯ ಗುಣವನ್ನು ಕೊಂಡಾಡಿಯೂ ಇದ್ದ. ಮೆಲುದನಿಯಲ್ಲಿ ಹೇಳಿದ ಮಾತು. ಆದರೆ ಕಬ್ಬಿಣದ ಬಾಗಿಲಿನಂಥ ಮಾತು.

ಅಬ್ರಹಾಂ ಕ್ರೂರಿಯಾಗಿರಲಿಲ್ಲ. ಹಾಗಿದ್ದಮೇಲೆ ಆತ ಹೀಗೇಕೆ ಬರೆದ? ಇದಕ್ಕೆ ಎರಡು ಕಾರಣಗಳನ್ನು ಗುರುತಿಸಬಹುದು. ಸಿರಿವಂತರ ಮನೆಯ ಹೆಣ್ಣುಮಗಳು ಜನರ ಮುಂದೆ ವೇದಿಕೆಯೇರಿ ಹಣಕ್ಕಾಗಿ ನುಡಿಸುವುದಾಗಲಿ, ತನ್ನ ಕೃತಿಗಳನ್ನು ಅಚ್ಚು ಹಾಕಿಸಿ ಮಾರುವುದಾಗಲಿ ಕುಲಕ್ಕೆ ಕುಂದು ಎಂದು ಆ ಕಾಲದ ಸಮಾಜ ಭಾವಿಸಿತ್ತು. ಇದೊಂದು. ಮೆಂಡೆಲ್‌ಸನ್ನರು ಮೂಲತಃ ಯಹೂದ್ಯರು. ಯಹೂದ್ಯರನ್ನು ಸಂಶಯದಿಂದ ಕಾಣುತ್ತಿದ್ದ ಆ ಸಮಾಜದಲ್ಲಿ ತನ್ನ ಮಕ್ಕಳಿಗೆ ಗೌರವದ ಸ್ಥಾನ ಸಿಗಲೆಂದು ಅಬ್ರಹಾಂ 1816ರಲ್ಲಿ ಅವರಿಗೆ ಕ್ರೈಸ್ತ ದೀಕ್ಷೆಯನ್ನು ಕೊಡಿಸಿದ್ದ. ಹೊಸದಾಗಿ ಗಳಿಸಿದ ಮರ್ಯಾದೆ ಎಲ್ಲಿ ಕೈತಪ್ಪುವುದೋ ಎಂಬ ಅಂಜಿಕೆ ಆತನಿಗೆ ಸಹಜವಾಗಿಯೇ ಇದ್ದಿರಬೇಕು. ಇದು ಇನ್ನೊಂದು. ಕಾರಣಗಳು ತಿಳಿದರೆ ತಂದೆಯ ಮೇಲಿನ ಕೋಪ ತಗ್ಗೀತು. ಮಗಳಿಗಾದ ನಷ್ಟ ಮಾತ್ರ ತಗ್ಗುವುದಿಲ್ಲ.

ಅದೇ ಕಾಲದ ಇನ್ನೊಬ್ಬ ಕಲಾವಿದೆಯನ್ನು ಇಲ್ಲಿ ನೆನೆಯಬೇಕು. 1819ರಲ್ಲಿ ಲೈಪ್‌ಜಿಗ್ ನಗರದಲ್ಲಿ ಹುಟ್ಟಿದ ಕ್ಲಾರಾ ವೀಕ್ ಒಬ್ಬ ಸಂಗೀತ ಶಿಕ್ಷಕನ ಮಗಳು. ಎಳೆಯ ವಯಸ್ಸಿನಿಂದಲೇ ಆಕೆಯ ತಂದೆ ಆಕೆಯನ್ನು ಊರೂರಿಗೆ ಕರೆದುಕೊಂಡು ಹೋಗಿ ಕಚೇರಿ ಮಾಡಿಸಿದ. ಕ್ಲಾರಾಳ ಹೆಸರು ಯೂರೋಪಿನಲ್ಲೆಲ್ಲ ಹಬ್ಬಿತು. ದುಡಿದು ತಿನ್ನುವ ಮನೆಯ ಹುಡುಗಿಗೆ ವೇದಿಕೆ ತೆರೆದಿತ್ತು. ಸಿರಿಯಲ್ಲಿ ಹುಟ್ಟಿದ ಫ್ಯಾನಿಗೆ ಅದು ಮುಚ್ಚಿತ್ತು. ಐಶ್ವರ್ಯವೂ ಒಮ್ಮೊಮ್ಮೆ ಪಂಜರವಾಗುತ್ತದೆ.

ವರ್ಷಗಳು ಉರುಳಿದವು. 1821ರಲ್ಲಿ ಸೆಲ್ಟರ್ ತನ್ನ ಶಿಷ್ಯನಾದ ಫೆಲಿಕ್ಸನನ್ನು ಮಹಾಕವಿ ಗಯಟೆಯ ಬಳಿಗೆ ಕರೆದೊಯ್ದ. ಫ್ಯಾನಿ ಮನೆಯಲ್ಲಿ ಉಳಿದಳು. 1829ರ ಮಾರ್ಚ್ ತಿಂಗಳಲ್ಲಿ, ಜನ ಬಹುಮಟ್ಟಿಗೆ ಮರೆತಿದ್ದ ಬಾಖ್‌ನ ಒಂದು ಮಹಾಕೃತಿಯನ್ನು 20 ವರ್ಷದ ಫೆಲಿಕ್ಸ್ ಬರ್ಲಿನ್ನಿನಲ್ಲಿ ಮತ್ತೆ ಹಾಡಿಸಿ ಕೀರ್ತಿ ಪಡೆದ. ಆತ ಮುಂದೆ ನಿಂತು ನಿರ್ದೇಶಿಸುತ್ತಿದ್ದಾಗ ಫ್ಯಾನಿ ಗಾಯಕವೃಂದದ ನೂರಾರು ದನಿಗಳಲ್ಲಿ ಒಂದು ದನಿಯಾಗಿದ್ದಳು. ಆ ವರ್ಷವೇ ತಮ್ಮ ಇಂಗ್ಲೆಂಡಿಗೆ ಪಯಣಿಸಿದ. ಅಕ್ಕ ಆತನ ಕಾಗದಗಳಿಗಾಗಿ ಕಾಯುತ್ತ ಕುಳಿತಳು. ಇದಕ್ಕೆ ಕೆಲವು ತಿಂಗಳು ಮೊದಲು, ಆಕೆಯ 23ನೆಯ ಹುಟ್ಟುಹಬ್ಬದಂದು, ತಂದೆ ಮತ್ತೊಮ್ಮೆ ಎಚ್ಚರಿಸಿದ್ದ: ಹೆಣ್ಣಿಗೆ ಇರುವುದು ಗೃಹಿಣಿಯ ಕರ್ತವ್ಯವೊಂದೇ, ಅದಕ್ಕೆ ಈಗಿನಿಂದಲೇ ಮನಸ್ಸನ್ನು ಅಣಿಮಾಡಿಕೊ ಎಂದು. ಅಬ್ರಹಾಂ ತನ್ನನ್ನು ಕುರಿತು ವಿನೋದವಾಗಿ, ಮೊದಲು ತಾನು ಪ್ರಸಿದ್ಧ ತಂದೆಯ ಮಗನಾಗಿದ್ದೆ, ಈಗ ಪ್ರಸಿದ್ಧ ಮಗನ ತಂದೆಯಾಗಿದ್ದೇನೆ ಎಂದು ಹೇಳಿಕೊಳ್ಳುತ್ತಿದ್ದನಂತೆ. ಆ ವಿನೋದದಲ್ಲಿ ಮಗಳಿಗೆ ಸ್ಥಾನವಿರಲಿಲ್ಲ.

ಇಷ್ಟಾದರೂ ಫ್ಯಾನಿ ರಚಿಸುವುದನ್ನು ಬಿಡಲಿಲ್ಲ. ಹಾಡುಗಳು, ಪಿಯಾನೊ ಕೃತಿಗಳು ಒಂದಾದಮೇಲೊಂದು ಹೊರಬರುತ್ತಿದ್ದವು. ಆಕೆಯ ನುಡಿಸಾಣಿಕೆಯನ್ನು ಹೊಗಳುವಾಗ ಗುರು ಸೆಲ್ಟರ್, ಈಕೆ ಗಂಡಸಿನಂತೆ ನುಡಿಸುತ್ತಾಳೆ ಎಂದು ಗಯಟೆಗೆ ಬರೆದ. ಹೊಗಳಿಕೆಯಲ್ಲಿಯೂ ಆ ಕಾಲದ ಅಳತೆಗೋಲು ಎಂಥದಿತ್ತೆಂಬುದು ಇದರಿಂದ ತಿಳಿಯುತ್ತದೆ.

ಪಾಶ್ಚಾತ್ಯ ಸಂಗೀತದಲ್ಲಿ ಕೃತಿಯೊಂದು ಗುರುವಿನ ಬಾಯಿಂದ ಶಿಷ್ಯನ ಕಿವಿಗೆ ಬಂದು ಉಳಿಯುವಂಥದಲ್ಲ. ಅದನ್ನು ಸ್ವರಲಿಪಿಯಲ್ಲಿ ಬರೆದು ಅಚ್ಚುಮಾಡಬೇಕು. ಆಗ ಮಾತ್ರ ದೂರದೂರಿನವರು ಅದನ್ನು ಕೊಂಡು ನುಡಿಸಬಲ್ಲರು. ಅಚ್ಚಾಗದ ಕೃತಿ ಪೆಟ್ಟಿಗೆಯಲ್ಲಿ ಉಳಿಯುತ್ತದೆ. ರಚಿಸಿದವರ ಹೆಸರೂ ಅದರೊಡನೆ ಉಳಿಯುತ್ತದೆ. ಆದ್ದರಿಂದ ಪ್ರಕಟಣೆಯ ಪ್ರಶ್ನೆ ಫ್ಯಾನಿಗೆ ಪ್ರತಿಷ್ಠೆಯ ಪ್ರಶ್ನೆಯಾಗಿರಲಿಲ್ಲ. ಸಂಗೀತಗಾರ್ತಿಯಾಗಿ ಇರುವುದೋ ಇಲ್ಲದಿರುವುದೋ ಎಂಬ ಪ್ರಶ್ನೆಯಾಗಿತ್ತು. 1830ರ ಹೊತ್ತಿಗೆ ಫೆಲಿಕ್ಸ್ ಪ್ರಕಟಿಸಿದ್ದ ಎರಡು ಗೀತಸಂಕಲನಗಳಲ್ಲಿ ಒಂದೊಂದರಲ್ಲಿಯೂ ಫ್ಯಾನಿಯ ಮೂರು ಮೂರು ಹಾಡುಗಳು ಸೇರಿದ್ದವು. ಆದರೆ ಅವುಗಳ ಮೇಲಿದ್ದುದು ಫೆಲಿಕ್ಸನ ಹೆಸರು ಮಾತ್ರ.

ಈ ಹಾಡುಗಳಲ್ಲೊಂದು ಮುಂದೆ ಒಂದು ವಿಚಿತ್ರ ಪ್ರಸಂಗಕ್ಕೆ ಕಾರಣವಾಯಿತು. 1842ರಲ್ಲಿ ಫೆಲಿಕ್ಸ್ ಲಂಡನ್ನಿನ ಬಕಿಂಗ್‌ಹ್ಯಾಂ ಅರಮನೆಗೆ ಹೋಗಿದ್ದಾಗ ವಿಕ್ಟೋರಿಯಾ ರಾಣಿ ಆತನ ಸಂಕಲನವನ್ನು ತರಿಸಿ, ತನಗೆ ಪ್ರಿಯವಾದ ಹಾಡೊಂದನ್ನು ಹಾಡಿದಳು. ರಾಣಿ ಆರಿಸಿಕೊಂಡದ್ದು 'ಇಟಲಿ' ಎಂಬ ಹಾಡನ್ನು. ಅದು ಫ್ಯಾನಿಯ ರಚನೆ. ಫೆಲಿಕ್ಸ್ ಸತ್ಯವನ್ನು ಮುಚ್ಚಿಡಲಿಲ್ಲ. ಇದು ತನ್ನ ಅಕ್ಕನದೆಂದು ರಾಣಿಯೆದುರು ಒಪ್ಪಿಕೊಂಡ, ಆ ಸಂಗತಿಯನ್ನು ತಾಯಿಗೂ ಬರೆದು ತಿಳಿಸಿದ. ಹೆಸರಿಲ್ಲದ ಹಾಡು ಅರಮನೆಯನ್ನು ತಲುಪಿತ್ತು. ಹಾಡಿನ ಒಡತಿ ಬರ್ಲಿನ್ನಿನ ಮನೆಯಲ್ಲಿದ್ದಳು.

ಫ್ಯಾನಿಯ ವಿವಾಹದ ಕಥೆಯೂ ಆ ಮನೆಯ ಕಟ್ಟುಪಾಡನ್ನು ತೋರಿಸುತ್ತದೆ. ವಿಲ್‌ಹೆಲ್ಮ್ ಹೆನ್ಸೆಲ್ ಎಂಬ ತರುಣ ಚಿತ್ರಕಾರ ಆಕೆಯನ್ನು ಮೆಚ್ಚಿದ. ಆತ 1823ರಲ್ಲಿ ಕಲಾಭ್ಯಾಸಕ್ಕಾಗಿ ರೋಂ ನಗರಕ್ಕೆ ಹೋದಾಗ, ಅವರಿಬ್ಬರೂ ಪರಸ್ಪರ ಕಾಗದ ಬರೆಯಕೂಡದೆಂದು ತಾಯಿ ಲೆಯಾ ವಿಧಿಸಿದಳು. ವಿಲ್‌ಹೆಲ್ಮ್ ಆಜ್ಞೆಯನ್ನು ಮೀರಲಿಲ್ಲ; ಅಕ್ಷರದ ಬದಲು ಚಿತ್ರಗಳನ್ನು ಬರೆದು ಕಳುಹಿಸಿದ. ಐದು ವರ್ಷಗಳ ಬಳಿಕ ಆತ ಹಿಂದಿರುಗಿದ. 1829ರ ಅಕ್ಟೋಬರ್ 3ರಂದು ಅವರ ಮದುವೆಯಾಯಿತು. ಮದುವೆಗಾಗಿ ಫೆಲಿಕ್ಸ್ ರಚಿಸಬೇಕಾಗಿದ್ದ ಸಂಗೀತ, ಆತ ಲಂಡನ್ನಿನಲ್ಲಿ ಗಾಯಗೊಂಡದ್ದರಿಂದ, ಬಂದು ತಲುಪಲಿಲ್ಲ. ಮದುವೆಯ ಹಿಂದಿನ ರಾತ್ರಿ ಮದುಮಗಳೇ ಕುಳಿತು ಅದನ್ನು ರಚಿಸಿದಳು.

ವಿವಾಹದಿಂದ ಫ್ಯಾನಿಯ ಕಲೆ ಕಮರಲಿಲ್ಲ. ವಿಲ್‌ಹೆಲ್ಮ್‌ನಿಗೆ ಸಂಗೀತ ಬಾರದು; ಆದರೆ ಕಲಾವಿದನಾದ ಆತನಿಗೆ ಕಲಾವಿದೆಯ ಸಂಕಟ ಅರ್ಥವಾಗುತ್ತಿತ್ತು. ನಿನ್ನ ಕೃತಿಗಳನ್ನು ಪ್ರಕಟಿಸು ಎಂದು ಆತ ಒತ್ತಾಯಿಸುತ್ತಲೇ ಬಂದ. 1831ರಿಂದ ಫ್ಯಾನಿ ತನ್ನ ಮನೆಯಲ್ಲಿಯೇ ಭಾನುವಾರದ ಕಚೇರಿಗಳನ್ನು ಏರ್ಪಡಿಸತೊಡಗಿದಳು. ತಾನೇ ನುಡಿಸುತ್ತಿದ್ದಳು, ಗಾಯಕವೃಂದವನ್ನು ತಾನೇ ನಡೆಸುತ್ತಿದ್ದಳು. ತೋಟದ ಕಡೆಗೆ ತೆರೆದ ಆ ಸಭಾಂಗಣದಲ್ಲಿ ಬರ್ಲಿನ್ನಿನ ಗಣ್ಯರು, ಪರಸ್ಥಳದ ಸಂಗೀತಗಾರರು ನೆರೆಯುತ್ತಿದ್ದರು. ಹೊಸ್ತಿಲನ್ನು ದಾಟಲು ಅನುಮತಿಯಿಲ್ಲದವಳು ಹೊರಗಿನ ಲೋಕವನ್ನೇ ಹೊಸ್ತಿಲೊಳಕ್ಕೆ ಬರಮಾಡಿಕೊಂಡಳು.

ಆದರೂ ಕೊರಗು ಹಿಂಗಲಿಲ್ಲ. ತಂದೆ 1835ರಲ್ಲಿ ತೀರಿಕೊಂಡ. ಆತನ ಸ್ಥಾನದಲ್ಲಿ ಈಗ ತಮ್ಮ ನಿಂತ. 1837ರಲ್ಲಿ ಸಂಕಲನವೊಂದರಲ್ಲಿ ಆಕೆಯ ಒಂದು ಹಾಡು ಆಕೆಯ ಹೆಸರಿನಲ್ಲಿಯೇ ಅಚ್ಚಾದಾಗ, ಇನ್ನಷ್ಟು ಪ್ರಕಟಿಸುವಂತೆ ಫ್ಯಾನಿಗೆ ಹೇಳು ಎಂದು ತಾಯಿಯೇ ಮಗನನ್ನು ಕೇಳಿದಳು. ಹಿಂದೆ ಕಾಗದವನ್ನು ತಡೆದ ತಾಯಿ ಈಗ ಬದಲಾಗಿದ್ದಳು. ಫೆಲಿಕ್ಸ್ ಒಪ್ಪಲಿಲ್ಲ. ಅಕ್ಕ ತಾನಾಗಿ ನಿರ್ಧರಿಸಿದರೆ ನೆರವಾಗುತ್ತೇನೆ. ಆದರೆ ಅದು ಆಕೆಗೆ ತಕ್ಕುದೆಂದು ನಾನು ಹೇಳಲಾರೆ. ಮನೆಯೇ ಆಕೆಯ ಮೊದಲ ಕರ್ತವ್ಯ ಎಂದು ಉತ್ತರಿಸಿದ. ತನ್ನ ಪ್ರತಿಯೊಂದು ರಚನೆಗೂ ಅಕ್ಕನ ವಿಮರ್ಶೆಯನ್ನು ಬೇಡುತ್ತಿದ್ದ, ಆಕೆಯ ಪ್ರತಿಭೆಯನ್ನು ಎಲ್ಲರಿಗಿಂತ ಚೆನ್ನಾಗಿ ಬಲ್ಲ ತಮ್ಮನ ಮಾತಿದು. ಕೇಳುವವರೂ ಕೇಳಿ ಆಡುವವರೂ ಇಲ್ಲದಿದ್ದರೆ ರಚಿಸುವ ಉತ್ಸಾಹವೇ ಕುಂದಿಹೋಗುತ್ತದೆ ಎಂದು ಫ್ಯಾನಿ ಆ ದಿನಗಳಲ್ಲಿ ಮಿತ್ರನೊಬ್ಬನಿಗೆ ತೋಡಿಕೊಂಡಿದ್ದಳು.

ಅಂಥ ಸಮಯದಲ್ಲಿ ಆಕೆಗೆ ಹೊಸ ಉಸಿರು ಬಂದದ್ದು ಇಟಲಿ ಪ್ರವಾಸದಿಂದ. 1839ರಲ್ಲಿ ಗಂಡ ಮತ್ತು ಮಗ ಸೆಬಾಸ್ಟಿಯನ್ ಜೊತೆಯಲ್ಲಿ ಹೊರಟು, 1840ರ ವಸಂತದವರೆಗೆ ರೋಂ ನಗರದಲ್ಲಿದ್ದಳು. ಅಲ್ಲಿಯ ತರುಣ ಸಂಗೀತಗಾರರು ಆಕೆಯ ಸುತ್ತ ನೆರೆದು, ಆಕೆ ನುಡಿಸಿದ್ದನ್ನು ಕಣ್ಣರಳಿಸಿ ಕೇಳಿದರು. ಆಕೆ ಯಾರ ಮಗಳು, ಯಾರ ಅಕ್ಕ ಎಂಬುದನ್ನು ಎಣಿಸದೆ ಆಕೆಯ ಕಲೆಯನ್ನು ಕಲೆಯೆಂದೇ ಗೌರವಿಸಿದರು. ಹಿಂದಿರುಗಿದ ಮೇಲೆ 1841ರಲ್ಲಿ ಆಕೆ 'ವರ್ಷ' ಎಂಬ ಪಿಯಾನೊ ಕೃತಿಮಾಲೆಯನ್ನು ರಚಿಸಿದಳು. ಹನ್ನೆರಡು ತಿಂಗಳಿಗೆ ಹನ್ನೆರಡು ಕೃತಿಗಳು, ಕೊನೆಗೊಂದು ಉಪಸಂಹಾರ. ಬಣ್ಣಬಣ್ಣದ ಹಾಳೆಗಳಲ್ಲಿ ಅದನ್ನು ಪ್ರತಿಮಾಡಿದಾಗ ವಿಲ್‌ಹೆಲ್ಮ್ ಒಂದೊಂದಕ್ಕೂ ಪುಟ್ಟ ಚಿತ್ರಗಳನ್ನು ಬರೆದುಕೊಟ್ಟ. ಈ ಮಾಲೆ ಆಕೆಯ ಶ್ರೇಷ್ಠ ರಚನೆಗಳಲ್ಲೊಂದೆಂದು ಇಂದು ಮಾನ್ಯವಾಗಿದೆ. ಆದರೆ ಅದು ಸಮಗ್ರವಾಗಿ ಅಚ್ಚಾದದ್ದು 1989ರಲ್ಲಿ, ಸುಮಾರು ಒಂದೂವರೆ ಶತಮಾನದ ಬಳಿಕ.

1846ರಲ್ಲಿ ಬರ್ಲಿನ್ನಿನ ಇಬ್ಬರು ಪ್ರಕಾಶಕರು ತಾವಾಗಿಯೇ ಮುಂದೆ ಬಂದು ಆಕೆಯ ಕೃತಿಗಳನ್ನು ಕೇಳಿದರು. ಈ ಬಾರಿ ಫ್ಯಾನಿ ಹಿಂಜರಿಯಲಿಲ್ಲ. ಆ ಜುಲೈ ತಿಂಗಳಲ್ಲಿ ತಮ್ಮನಿಗೆ ಕಾಗದ ಬರೆದು ತನ್ನ ನಿರ್ಧಾರವನ್ನು ತಿಳಿಸಿದಳು. ಹದಿನಾಲ್ಕರ ಪ್ರಾಯದಲ್ಲಿ ತಂದೆಗೆ ಹೆದರುತ್ತಿದ್ದಂತೆಯೇ ನಲವತ್ತರ ಪ್ರಾಯದಲ್ಲಿ ತಮ್ಮಂದಿರಿಗೆ ಹೆದರುತ್ತಿದ್ದೇನೆ ಎಂಬ ಭಾವವನ್ನು ನಗೆಯ ಮರೆಯಲ್ಲಿಟ್ಟು ಬರೆದಿದ್ದಳು. ಆ ನಗೆಯ ಹಿಂದೆ ಎಷ್ಟು ನೋವಿತ್ತೆಂಬುದನ್ನು ಊಹಿಸಬಹುದು. ಆದರೆ ಈ ಕಾಗದದಲ್ಲಿ ಒಂದು ವಿಶೇಷವಿದೆ. ಆಕೆ ಅನುಮತಿಯನ್ನು ಬೇಡಿರಲಿಲ್ಲ; ನಿರ್ಧಾರವನ್ನು ತಿಳಿಸಿದ್ದಳು. ಒಂದು ತಿಂಗಳ ಬಳಿಕ ಫೆಲಿಕ್ಸನ ಹಾರೈಕೆ ಬಂದಿತು. ಕೆಲವು ದಿನಗಳ ಹಿಂದೆ ಅಸಾಧ್ಯವೆನಿಸಿದ್ದ ಸಂಗತಿ ನಡೆಯಿತು: ಆರು ಹಾಡುಗಳ ಸಂಕಲನವೊಂದು 'ಮೊದಲನೆಯ ಕೃತಿ' ಎಂಬ ಅಂಕಿತದೊಡನೆ, ಫ್ಯಾನಿಯ ಸ್ವಂತ ಹೆಸರಿನಲ್ಲಿ ಪ್ರಕಟವಾಯಿತು. ಇನ್ನೂ ಕೆಲವು ಸಂಕಲನಗಳು ಅದರ ಬೆನ್ನಲ್ಲೇ ಬಂದವು.

ಈ ಸಂತೋಷ ಒಂದು ವರ್ಷವೂ ಬಾಳಲಿಲ್ಲ. 1847ರ ಮೇ 13ರಂದು ಫ್ಯಾನಿ ಬೆಟ್ಟಗಾಡಿನ ಆನಂದವನ್ನು ಕುರಿತ ಹಾಡೊಂದನ್ನು ರಚಿಸಿದಳು. ಮರುದಿನ ಭಾನುವಾರದ ಕಚೇರಿಗಾಗಿ ಫೆಲಿಕ್ಸನ ಕೃತಿಯೊಂದರ ಅಭ್ಯಾಸ ನಡೆಸುತ್ತಿದ್ದಾಗ, ಪಿಯಾನೊದ ಮೇಲಿದ್ದ ಆಕೆಯ ಕೈಗಳು ಇದ್ದಕ್ಕಿದ್ದಂತೆ ಸ್ವಾಧೀನ ತಪ್ಪಿದವು. ಮಿದುಳಿನ ಆಘಾತದಿಂದ ಆ ರಾತ್ರಿಯೇ ಆಕೆ ಕೊನೆಯುಸಿರೆಳೆದಳು. ಆಗ ಆಕೆಗೆ 41 ವರ್ಷ. ಸುದ್ದಿ ಕೇಳಿ ಕುಸಿದ ಫೆಲಿಕ್ಸ್ ತನ್ನ ದುಃಖವನ್ನೆಲ್ಲ ಒಂದು ತಂತಿವಾದ್ಯ ಕೃತಿಯಲ್ಲಿ ಹರಿಸಿದ. ಅಕ್ಕನ ಉಳಿದ ಕೃತಿಗಳ ಪ್ರಕಟಣೆಗೆ ತಾನೇ ಮುಂದಾದ. ಆದರೆ ಆರು ತಿಂಗಳೂ ಕಳೆಯುವ ಮೊದಲೇ, ನವೆಂಬರ್ 4ರಂದು, ಆತನೂ ತೀರಿಕೊಂಡ. ಬರ್ಲಿನ್ನಿನ ಸ್ಮಶಾನದಲ್ಲಿ ಇಬ್ಬರ ಸಮಾಧಿಗಳೂ ಅಕ್ಕಪಕ್ಕದಲ್ಲಿವೆ. ಫ್ಯಾನಿಯ ಸಮಾಧಿಶಿಲೆಯ ಮೇಲೆ ಆಕೆಯ ಆ ಕೊನೆಯ ಹಾಡಿನ ಸ್ವರಗಳನ್ನು ಕೊರೆಯಲಾಗಿದೆ.

ಫ್ಯಾನಿ ತನ್ನ ಬಾಳಿನಲ್ಲಿ 450ಕ್ಕೂ ಹೆಚ್ಚು ಕೃತಿಗಳನ್ನು ರಚಿಸಿದಳು. ಅವುಗಳಲ್ಲಿ ಬಹುಪಾಲು ದೀರ್ಘಕಾಲ ಹಸ್ತಪ್ರತಿಗಳಾಗಿಯೇ ಉಳಿದವು. 1828ರಲ್ಲಿ, ಅಂದರೆ ತಂದೆ ಗೃಹಿಣಿಯ ಕರ್ತವ್ಯವನ್ನು ನೆನಪಿಸಿದ ಅದೇ ವರ್ಷ, ಆಕೆ 'ಈಸ್ಟರ್ ಸೊನಾಟಾ' ಎಂಬ ದೊಡ್ಡ ಪಿಯಾನೊ ಕೃತಿಯನ್ನು ಬರೆದಿದ್ದಳು. ಕಳೆದುಹೋಗಿತ್ತೆಂದು ತಿಳಿದಿದ್ದ ಅದರ ಹಸ್ತಪ್ರತಿ 1970ರಲ್ಲಿ ಪ್ಯಾರಿಸ್ಸಿನಲ್ಲಿ ದೊರೆಯಿತು. ಮೇಲೆ 'ಎಫ್. ಮೆಂಡೆಲ್‌ಸನ್' ಎಂದಿದ್ದುದರಿಂದ ಅದು ಫೆಲಿಕ್ಸನದೆಂದು ಹಲವರು ನಂಬಿದರು. ಅಮೆರಿಕದ ಸಂಶೋಧಕಿ ಆಂಜೆಲಾ ಮೇಸ್ ಕ್ರಿಸ್ಚಿಯನ್ 2010ರಲ್ಲಿ ಹಸ್ತಾಕ್ಷರವನ್ನೂ ಪುಟಸಂಖ್ಯೆಗಳನ್ನೂ ಪರಿಶೀಲಿಸಿ ಅದು ಫ್ಯಾನಿಯದೆಂದು ತೋರಿಸಿಕೊಟ್ಟಳು. 2017ರ ಮಾರ್ಚ್ 8ರಂದು, ಅಂತರರಾಷ್ಟ್ರೀಯ ಮಹಿಳಾ ದಿನದಂದು, ಲಂಡನ್ನಿನ ರಾಯಲ್ ಕಾಲೇಜ್ ಆಫ್ ಮ್ಯೂಸಿಕ್‌ನಲ್ಲಿ ಅದನ್ನು ಫ್ಯಾನಿಯ ಹೆಸರಿನಲ್ಲಿ ನುಡಿಸಲಾಯಿತು.

ಫ್ಯಾನಿ ಮನೆಯನ್ನು ತೊರೆದು ಹೋಗಲಿಲ್ಲ, ಹಿರಿಯರನ್ನು ನಿಂದಿಸಲಿಲ್ಲ, ತಮ್ಮನನ್ನು ಕೊನೆಯವರೆಗೂ ಪ್ರೀತಿಸಿದಳು. ಹಾಗೆಂದು ಆಕೆ ತನ್ನ ಕಲೆಯನ್ನು ಬಿಟ್ಟುಕೊಡಲೂ ಇಲ್ಲ. ತಂದೆ ಆಭರಣವೆಂದು ಕರೆದದ್ದನ್ನು ಆಕೆ ಉಸಿರೆಂದು ಭಾವಿಸಿ ಬಾಳಿದಳು. ಆಕೆಯ ತಾಳ್ಮೆ ದೊಡ್ಡದು. ಆದರೆ ಆ ತಾಳ್ಮೆಯನ್ನು ಮೆಚ್ಚುವವರು, ಅದಕ್ಕೆ ತೆತ್ತ ಬೆಲೆಯನ್ನೂ ಮರೆಯಬಾರದು. 14ನೆಯ ವಯಸ್ಸಿನಲ್ಲಿ ತೆರೆಯಬೇಕಾಗಿದ್ದ ಬಾಗಿಲು 40ನೆಯ ವಯಸ್ಸಿನಲ್ಲಿ ತೆರೆಯಿತು. ನಡುವೆ ಕಳೆದ 26 ವರ್ಷಗಳನ್ನು ಯಾವ ಕೀರ್ತಿಯೂ ಮರಳಿ ಕೊಡಲಾರದು. ಮಕ್ಕಳ ಹಿತವನ್ನು ಬಯಸುವ ಹಿರಿಯರೂ, ತಮ್ಮೊಳಗಿನ ದನಿಗೆ ಕಿವಿಗೊಡುವ ಕಿರಿಯರೂ ಈ ಲೆಕ್ಕವನ್ನು ಮನಸ್ಸಿನಲ್ಲಿಡುವುದು ಒಳ್ಳೆಯದು.

ಅಭ್ಯಾಸ

1. ಫ್ಯಾನಿಯ ಬಾಲ್ಯದ ಶಿಕ್ಷಣ ಹೇಗಿತ್ತು?
2. ತಂದೆ 1820ರಲ್ಲಿ ಬರೆದ ಕಾಗದದ ತಾತ್ಪರ್ಯವೇನು? ಆತ ಹಾಗೆ ಬರೆಯಲು ಕಾರಣಗಳೇನು?
3. 'ಐಶ್ವರ್ಯವೂ ಒಮ್ಮೊಮ್ಮೆ ಪಂಜರವಾಗುತ್ತದೆ' – ಈ ಮಾತನ್ನು ಫ್ಯಾನಿ ಮತ್ತು ಕ್ಲಾರಾ ಇವರ ಬಾಳನ್ನು ಹೋಲಿಸಿ ವಿವರಿಸಿರಿ.
4. ಬಕಿಂಗ್‌ಹ್ಯಾಂ ಅರಮನೆಯ ಪ್ರಸಂಗವನ್ನು ನಿಮ್ಮ ಮಾತುಗಳಲ್ಲಿ ಬರೆಯಿರಿ.
5. 'ಆಕೆ ಅನುಮತಿಯನ್ನು ಬೇಡಿರಲಿಲ್ಲ. ನಿರ್ಧಾರವನ್ನು ತಿಳಿಸಿದ್ದಳು' – ಈ ವ್ಯತ್ಯಾಸದ ಮಹತ್ತ್ವವೇನು?
6. ಫೆಲಿಕ್ಸನ ನಡವಳಿಕೆಯಲ್ಲಿ ನಿಮಗೆ ಮೆಚ್ಚುಗೆಯಾದ ಅಂಶ ಯಾವುದು? ಮೆಚ್ಚುಗೆಯಾಗದ ಅಂಶ ಯಾವುದು? ಚರ್ಚಿಸಿರಿ.